ಮೊಮ್ಮಗನಿಗೆ ‘ವ್ಯಾಯ್ನೊ’ ಎಂಬ ಫಿನ್ನಿಶ್ ಹೆಸರು: ಇದರ ಅರ್ಥವೇನು, ಹಿನ್ನೆಲೆಯೇನು?

ಪ್ರಶ್ನೆ: ಪೆರ್ಲದ ಅಜ್ಜ

ಬಲ್ಲವರೆಲ್ಲರಿಗೂ ನಮಸ್ಕಾರ. ನನ್ನ ಮಗಳು ಫಿನ್ಲೆಂಡ್ ದೇಶದ ತಾಂಪೆರೆ ನಗರದಲ್ಲಿ ಉದ್ಯೋಗದಲ್ಲಿದ್ದಾಳೆ. ಅಳಿಯ ಅಲ್ಲಿಯವನೇ. ಅವರಿಗೆ ಈಚೆಗೆ ಗಂಡು ಮಗು ಹುಟ್ಟಿದ್ದು, ಅಳಿಯನ ಮುತ್ತಜ್ಜನ ಹೆಸರಾದ ‘ವ್ಯಾಯ್ನೊ’ ಎಂಬುದನ್ನೇ ಇಡಬೇಕೆಂದು ಇಬ್ಬರೂ ನಿಶ್ಚಯಿಸಿದ್ದಾರೆ. ಹಿರಿಯರ ಹೆಸರನ್ನು ಮಗುವಿಗೆ ಇಡುವುದು ನಮ್ಮ ಕಡೆಯ ಪದ್ಧತಿಯೂ ಹೌದಾದ್ದರಿಂದ ಆ ವಿಚಾರದಲ್ಲಿ ನಮಗೆ ತಕರಾರಿಲ್ಲ. ತೊಡಕಿರುವುದು ಹೆಸರಿನ ಉಚ್ಚಾರದಲ್ಲಿ. ಫೋನಿನಲ್ಲಿ ಕೇಳಿದ ನನ್ನ ಮನೆಯವಳಿಗೆ ಅದು ‘ವೈನು’ ಎಂದು ಕೇಳಿಸಿತು. ಸುದ್ದಿ ತಿಳಿದ ನೆಂಟರೂ ಅದನ್ನೇ ಹೇಳಿ ನಗುತ್ತಿದ್ದಾರೆ.

ಬೇಸಗೆಯಲ್ಲಿ ಅವರು ಊರಿಗೆ ಬಂದಾಗ ಇಲ್ಲಿಯೂ ನಾಮಕರಣದ ಶಾಸ್ತ್ರ ಮಾಡಬೇಕೆಂದಿದೆ. ಹರಿವಾಣದ ಅಕ್ಕಿಯಲ್ಲಿ ಬರೆಯುವ ಹೆಸರು ಏನೆಂಬುದು ಬರೆಯುವವನಿಗೆ ತಿಳಿದಿರಬೇಕಲ್ಲವೇ? ಇದು ದೇವರ ಹೆಸರೋ, ಅರಸನ ಹೆಸರೋ, ಕ್ರೈಸ್ತ ಸಂತರ ಹೆಸರೋ? ನಿಜವಾಗಿಯೂ ಪ್ರಾಚೀನವಾದದ್ದೇ? ಕನ್ನಡದಲ್ಲಿ ಹೇಗೆ ಬರೆಯುವುದು ಸರಿ? ಅಳಿಯನನ್ನೇ ಕೇಳಬಹುದಿತ್ತು, ಆದರೆ ಹೆಸರಿನ ಬಗ್ಗೆ ನಮಗೆ ಅಸಮಾಧಾನವಿದೆ ಎಂದು ಆತ ಭಾವಿಸಿಬಿಟ್ಟಾನೆಂಬ ಸಂಕೋಚ.

ಉತ್ತರ: ಕುಂಬಳೆಯವ, ಸದ್ಯ ಎಸ್ಪೊ ನಗರದಲ್ಲಿ

ಹಿರಿಯರಿಗೆ ನಮಸ್ಕಾರ. ಮೊದಲು ಉಚ್ಚಾರದ ತೊಡಕನ್ನು ಬಿಡಿಸೋಣ. ಆ ಹೆಸರಿನ ಮೊದಲ ಸ್ವರ ‘ಐ’ ಅಲ್ಲ. ‘ಬ್ಯಾಂಕು’, ‘ಬ್ಯಾಟು’ ಎನ್ನುವಾಗ ನಮ್ಮ ಬಾಯಲ್ಲಿ ಬರುವ ಸ್ವರ. ತುಳು ಬಲ್ಲವರಿಗೆ ಇದು ಇನ್ನೂ ಸುಲಭ: ‘ನಾನು ಬಂದೆ’ ಎಂಬುದನ್ನು ತುಳುವಿನಲ್ಲಿ ಹೇಳುವಾಗ ಕೊನೆಯಲ್ಲಿ ಬರುವ, ಬಾಯಿ ಅಗಲಿಸಿ ಹೇಳುವ ಎಕಾರಕ್ಕೆ ಅದು ತೀರಾ ಹತ್ತಿರ. ಕೊನೆಯ ಸ್ವರ ಮಾತ್ರ ನಮ್ಮ ಯಾವ ಭಾಷೆಯಲ್ಲೂ ಇಲ್ಲ. ತುಟಿಗಳನ್ನು ‘ಒ’ ಎನ್ನುವಂತೆ ದುಂಡಗೆ ಮಾಡಿ ‘ಎ’ ಎಂದರೆ ಅದು ಹೊರಡುತ್ತದೆ. ಒತ್ತು ಯಾವಾಗಲೂ ಮೊದಲ ಅಕ್ಷರದ ಮೇಲೆ. ನೀವು ಬರೆದಿರುವ ‘ವ್ಯಾಯ್ನೊ’ ಎಂಬ ರೂಪವೇ ಸರಿಯಾಗಿದೆ. ‘ವೈನೊ’ ಎಂದು ಬರೆದರೆ ನಿಮ್ಮ ನೆಂಟರ ನಗುವಿಗೆ ನೀವೇ ದಾರಿ ಮಾಡಿಕೊಟ್ಟಂತಾಗುತ್ತದೆ. ಇಲ್ಲಿ ದ್ರಾಕ್ಷಾರಸಕ್ಕೆ ಇರುವ ಪದ ‘ವೀನಿ’, ಆದ್ದರಿಂದ ಫಿನ್ನಿಶ್ ಕಿವಿಗೆ ಅಂಥ ಯಾವ ಧ್ವನಿಯೂ ಕೇಳಿಸುವುದಿಲ್ಲ.

ಇಲ್ಲಿಯ ಕ್ರಮದ ಬಗ್ಗೆಯೂ ಎರಡು ಮಾತು ಹೇಳುತ್ತೇನೆ. ಮಗು ಹುಟ್ಟಿದ ಮೂರು ತಿಂಗಳೊಳಗೆ ಹೆಸರನ್ನು ನೋಂದಾಯಿಸಬೇಕು. ಲುಥೆರನ್ ಚರ್ಚಿಗೆ ಸೇರಿದವರು ದೀಕ್ಷಾಸ್ನಾನದ ಸಮಾರಂಭದಲ್ಲಿ ಹೆಸರಿಡುತ್ತಾರೆ, ಉಳಿದವರು ಮನೆಯಲ್ಲಿಯೇ ಹೆಸರಿಡುವ ಕೂಟ ನಡೆಸುತ್ತಾರೆ. ಅಲ್ಲಿಯವರೆಗೆ ಹೆಸರನ್ನು ಬಹಿರಂಗಪಡಿಸದಿರುವುದು ಹಲವು ಮನೆಗಳ ರೂಢಿ. ನಿಮಗೆ ಮುಂಚಿತವಾಗಿಯೇ ತಿಳಿಸಿದ್ದಾರೆಂದರೆ ಅದು ಅವರು ತೋರಿದ ವಿಶ್ವಾಸವೆಂದು ತಿಳಿಯಿರಿ. 2019ರಲ್ಲಿ ಜಾರಿಗೆ ಬಂದ ಕಾನೂನಿನ ಪ್ರಕಾರ ಒಬ್ಬರಿಗೆ ನಾಲ್ಕು ಹೆಸರುಗಳವರೆಗೆ ಇಡಬಹುದು, ಎರಡನೆಯ ಮೂರನೆಯ ಹೆಸರಾಗಿ ಅಜ್ಜ ಅಜ್ಜಿಯರ ಹೆಸರನ್ನು ಸೇರಿಸುವುದು ತುಂಬ ಸಾಮಾನ್ಯ. ನಿಮ್ಮ ಮನೆಯ ಹೆಸರೊಂದಕ್ಕೂ ಅಲ್ಲಿ ಜಾಗವಿದೆ ಎಂಬುದನ್ನು ಮಗಳ ಗಮನಕ್ಕೆ ತರಬಹುದು. ಫಿನ್ಲೆಂಡಿನ ಪಂಚಾಂಗದಲ್ಲಿ ಬಹುತೇಕ ಪ್ರತಿ ದಿನಕ್ಕೂ ಹೆಸರುಗಳನ್ನು ಗೊತ್ತುಪಡಿಸಿದ್ದು, ವ್ಯಾಯ್ನೊ ಎಂಬವರಿಗೆ ಫೆಬ್ರವರಿ 17 ಹೆಸರಿನ ದಿನ. ಅಂದು ಹುಟ್ಟುಹಬ್ಬದ ಹಾಗೆಯೇ ಶುಭಾಶಯ ಹೇಳುತ್ತಾರೆ.

ಉತ್ತರ: ಬದಿಯಡ್ಕದ ನಿವೃತ್ತ ಮಾಸ್ತರ

ಹೆಸರಿನ ಮೂಲ ಪುರುಷ ವ್ಯಾಯ್ನಾಮೊಯ್ನೆನ್. ಫಿನ್ನರ ಮಹಾಕಾವ್ಯವಾದ ‘ಕಾಲೆವಾಲ’ದ ನಾಯಕನಾದ ಆತ ಹುಟ್ಟುವಾಗಲೇ ವೃದ್ಧ. ಗಾಳಿಯ ಮಗಳು ಸಮುದ್ರದ ನೀರಿನಲ್ಲಿ ದೀರ್ಘಕಾಲ ತೇಲಾಡಿ ಹೆತ್ತ ಮಗನೀತ. ಕತ್ತಿಗಿಂತ ಹೆಚ್ಚಾಗಿ ಹಾಡಿನಿಂದ ಗೆಲ್ಲುವವನು. ತನ್ನೊಂದಿಗೆ ಪಂಥಕ್ಕೆ ನಿಂತ ಯುವಕನೊಬ್ಬನನ್ನು ಆತ ಹಾಡಿ ಹಾಡಿಯೇ ಜೌಗಿನಲ್ಲಿ ಹೂಳುತ್ತಾನೆ. ಹಾಡುತ್ತ ದೋಣಿಯನ್ನು ಕಟ್ಟುತ್ತಿರುವಾಗ ಮೂರು ಪದಗಳು ಸಾಲದೆ ಕೆಲಸ ನಿಂತುಹೋಗುತ್ತದೆ, ಆ ಪದಗಳಿಗಾಗಿ ನೆಲದಡಿಯಲ್ಲಿ ಮಲಗಿರುವ ದೈತ್ಯನೊಬ್ಬನ ಹೊಟ್ಟೆಯನ್ನೇ ಹೊಕ್ಕು ಬರುತ್ತಾನೆ. ದೊಡ್ಡ ಮೀನೊಂದರ ದವಡೆಯ ಎಲುಬಿನಿಂದ ‘ಕಾಂತೆಲೆ’ ಎಂಬ ತಂತಿವಾದ್ಯವನ್ನು ಮಾಡಿ ನುಡಿಸಿದಾಗ ಕಾಡಿನ ಪ್ರಾಣಿಗಳೆಲ್ಲ ಬಂದು ನಿಂತು ಕೇಳುತ್ತವೆ. ಬೇಸಾಯಕ್ಕೆಂದು ಕಾಡು ಕಡಿದಾಗ ಹಕ್ಕಿಗಳು ಕೂರಲೆಂದು ಒಂದು ಮರವನ್ನು ಮಾತ್ರ ಉಳಿಸಿದವನು ಎಂಬ ಪ್ರಸಂಗವೂ ಇದೆ. ನನಗೆ ಎಲ್ಲಕ್ಕಿಂತ ಇಷ್ಟವಾದದ್ದು ಅದೇ.

ಈತ ದೇವರೋ ಮನುಷ್ಯನೋ ಎಂಬ ನಿಮ್ಮ ಪ್ರಶ್ನೆ ವಿದ್ವಾಂಸರ ನಡುವೆಯೂ ಬಗೆಹರಿದಿಲ್ಲ. ಫಿನ್ನಿಶ್ ಬರಹಭಾಷೆಗೆ ಅಡಿಪಾಯ ಹಾಕಿದ ಮಿಕಾಯೆಲ್ ಅಗ್ರಿಕೊಲ 1551ರಲ್ಲಿ, ಹ್ಯಾಮೆ ಪ್ರಾಂತದ ಜನರು ಪೂಜಿಸುತ್ತಿದ್ದ ಹಳೆಯ ದೇವತೆಗಳ ಪಟ್ಟಿಯನ್ನು ಪದ್ಯದಲ್ಲಿ ಕೊಡುವಾಗ, ಹಾಡುಗಳನ್ನು ಕಟ್ಟಿದವನೆಂದು ಈತನನ್ನೂ ಹೆಸರಿಸಿದ್ದಾನೆ. ಅಗ್ರಿಕೊಲ ಚರ್ಚಿನವನಾದ್ದರಿಂದ ಅದು ನಿಂದೆಯ ಪಟ್ಟಿಯೇ. ಆದರೂ ಈ ಹೆಸರಿನ ಪ್ರಾಚೀನತೆಗೆ ಅದಕ್ಕಿಂತ ಗಟ್ಟಿಯಾದ ಲಿಖಿತ ಸಾಕ್ಷ್ಯ ಬೇಕಿಲ್ಲ. ಮುಂದೆ ಎಲಿಯಾಸ್ ಲ್ಯೋನ್‌ರೋತ್ ಎಂಬ ವೈದ್ಯ, ಗಡಿಯ ಆಚೆ ರಷ್ಯಕ್ಕೆ ಸೇರಿದ್ದ ಕರೇಲಿಯದ ಹಳ್ಳಿಗಳವರೆಗೂ ಅಲೆದು, ಅಕ್ಷರವರಿಯದ ಗಾಯಕರ ಬಾಯಿಂದ ಹಾಡುಗಳನ್ನು ಬರೆದುಕೊಂಡು, ಅವನ್ನು ಹೊಂದಿಸಿ ಹೆಣೆದು, 1835ರಲ್ಲಿ ಕಾಲೆವಾಲವನ್ನು ಹೊರತಂದನು. 1849ರ ವಿಸ್ತೃತ ಆವೃತ್ತಿಯಲ್ಲಿ 50 ಹಾಡುಗಳೂ 22,795 ಸಾಲುಗಳೂ ಇವೆ. ಮೊದಲ ಆವೃತ್ತಿಯ ಮುನ್ನುಡಿಗೆ ಆತ ಸಹಿ ಹಾಕಿದ ಫೆಬ್ರವರಿ 28 ಇಂದಿಗೂ ಅಲ್ಲಿ ಧ್ವಜವೇರಿಸುವ ದಿನ.

ಇನ್ನು ಹೆಸರು ನಿಜವಾಗಿಯೂ ಪ್ರಾಚೀನವೇ ಎಂಬುದು. ಕಾವ್ಯದೊಳಗೆ ಪ್ರಾಚೀನ, ಮನುಷ್ಯರಿಗೆ ಇಡುವ ಹೆಸರಾಗಿ ಹೊಸದು. 19ನೇ ಶತಮಾನದ ಉತ್ತರಾರ್ಧಕ್ಕೆ ಮುಂಚೆ ಮಗುವಿಗೆ ವ್ಯಾಯ್ನೊ ಎಂದು ಹೆಸರಿಡುವ ರೂಢಿ ಇರಲಿಲ್ಲ. 1809ರವರೆಗೆ ಫಿನ್ಲೆಂಡ್ ಸ್ವೀಡನ್ನಿನ ಆಳ್ವಿಕೆಯಲ್ಲಿತ್ತು, ಅನಂತರ ರಷ್ಯದ ಚಕ್ರವರ್ತಿಯ ಅಧೀನಕ್ಕೆ ಬಂದಿತು. ಆಳುವವರು ಬದಲಾದ ಮೇಲೂ ಚರ್ಚಿನ ದಾಖಲೆ, ಕಚೇರಿಯ ಕಾಗದಪತ್ರಗಳೆಲ್ಲ ಬಹುಕಾಲ ಸ್ವೀಡಿಶ್ ಭಾಷೆಯಲ್ಲಿಯೇ ಇದ್ದವು. ಮನೆಯಲ್ಲಿ ‘ಯುಹೊ’ ಎಂದು ಕರೆಯಿಸಿಕೊಂಡವನು ದಾಖಲೆಯಲ್ಲಿ ‘ಯೋಹಾನ್’ ಆಗಿರುತ್ತಿದ್ದನು. ಕಾಸರಗೋಡಿನವರಾದ ನಮಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ಮನೆಯಲ್ಲಿ ಮಂಜೇಶ್ವರ, ಫಲಕದಲ್ಲಿ ಮಂಜೇಶ್ವರಂ ಎಂಬುದನ್ನು ದಿನವೂ ಕಾಣುತ್ತಲೇ ಇದ್ದೇವೆ.

1863ರಲ್ಲಿ ಚಕ್ರವರ್ತಿ ಎರಡನೆಯ ಅಲೆಕ್ಸಾಂಡರ್ ಹೊರಡಿಸಿದ ಶಾಸನದಿಂದ ಫಿನ್ನಿಶ್ ಭಾಷೆಗೆ ಆಡಳಿತದಲ್ಲಿ ಸ್ಥಾನ ದೊರೆಯುವ ಹಾದಿ ತೆರೆಯಿತು. ಆ ಕಾಲದಲ್ಲಿಯೇ ಓದುಬರಹ ಬಲ್ಲ ಕುಟುಂಬಗಳು ಮಕ್ಕಳಿಗೆ ತಮ್ಮ ನುಡಿಯ ಹೆಸರುಗಳನ್ನು ಹುಡುಕತೊಡಗಿದವು. ಕೆಲವನ್ನು ಕಾಲೆವಾಲದಿಂದ ಎತ್ತಿಕೊಂಡರು: ವ್ಯಾಯ್ನೊ, ಇಲ್ಮರಿ, ಅಹ್ತಿ, ತಾಪಿಯೊ. ಇನ್ನು ಕೆಲವನ್ನು ದಿನಬಳಕೆಯ ಮಾತುಗಳಿಂದಲೇ ಮಾಡಿಕೊಂಡರು: ಭರವಸೆ ಎಂಬ ಅರ್ಥದ ತೊಯ್ವೊ, ಭಾಗ್ಯ ಎಂಬ ಅರ್ಥದ ಒನ್ನಿ, ವೀರ ಎಂಬ ಅರ್ಥದ ಉರ್ಹೊ. 1956ರಿಂದ 1982ರವರೆಗೆ ರಾಷ್ಟ್ರಾಧ್ಯಕ್ಷರಾಗಿದ್ದ ಕೆಕ್ಕೊನೆನ್ ಅವರ ಪೂರ್ಣ ಹೆಸರು ಉರ್ಹೊ ಕಾಲೆವಾ ಎಂದಿದ್ದುದರಲ್ಲಿ ಈ ಎರಡು ಬಗೆಯೂ ಕೂಡಿವೆ. 1906ರ ಮೇ 12ರಂದು, ಫಿನ್ನಿಶ್ ಭಾಷೆಯ ಪರವಾಗಿ ವಾದಿಸಿದ್ದ ತತ್ತ್ವಜ್ಞಾನಿ ಸ್ನೆಲ್‌ಮನ್ ಅವರ ಜನ್ಮಶತಾಬ್ದಿಯ ಸಂದರ್ಭದಲ್ಲಿ ಹತ್ತಾರು ಸಾವಿರ ಮಂದಿ ತಮ್ಮ ಸ್ವೀಡಿಶ್ ಕುಲನಾಮವನ್ನು ಬಿಟ್ಟು ಫಿನ್ನಿಶ್ ಹೆಸರನ್ನು ತೆಗೆದುಕೊಂಡರು. 1908ರಲ್ಲಿ ಪಂಚಾಂಗದ ಹೆಸರುಗಳ ಪಟ್ಟಿಯೂ ಪರಿಷ್ಕೃತವಾಗಿ ಇಂಥ ಹೆಸರುಗಳಿಗೆ ಅಲ್ಲಿ ಜಾಗ ಸಿಕ್ಕಿತು.

ನಿಮ್ಮ ಅಳಿಯನ ಮುತ್ತಜ್ಜ ಬಹುಶಃ ಆ ಪೀಳಿಗೆಯವರು. ಅವರ ತಂದೆತಾಯಿ ಆ ಹೆಸರನ್ನು ವಂಶದಿಂದ ಪಡೆದಿರಲಾರರು, ತಾವೇ ಆರಿಸಿಕೊಂಡಿರಬೇಕು. ನನ್ನ ದೃಷ್ಟಿಯಲ್ಲಿ ಈ ಹೆಸರಿನ ಹಿರಿಮೆ ಅದರ ವಯಸ್ಸಿನಲ್ಲಿಲ್ಲ, ಆ ಆಯ್ಕೆಯಲ್ಲಿದೆ.

ಉತ್ತರ: ಉಪ್ಪಳದ ಓದುಗ

ಇಷ್ಟೆಲ್ಲ ದೂರ ಹೋಗಬೇಕೇ? ವೇನನ ಮಗ ಪೃಥುವಿಗೆ ‘ವೈನ್ಯ’ ಎಂಬ ಹೆಸರು ಪುರಾಣಗಳಲ್ಲಿಯೇ ಇದೆ. ಭೂಮಿಯನ್ನು ಉಳುಮೆಗೆ ತಂದ ಅರಸನೂ ಅವನೇ. ವ್ಯಾಯ್ನೊ ಎಂಬುದು ವೈನ್ಯ ಎಂಬುದರ ಅಪಭ್ರಂಶವೆಂದು ತಿಳಿದು ಅಕ್ಕಿಯಲ್ಲಿ ‘ವೈನ್ಯ’ ಎಂದೇ ಬರೆದುಬಿಡಿ, ನೆಂಟರ ಬಾಯಿಯೂ ಮುಚ್ಚುತ್ತದೆ.

ಉತ್ತರ: ಮಂಜೇಶ್ವರದ ಭಾಷಾವಿಜ್ಞಾನ ವಿದ್ಯಾರ್ಥಿನಿ

ಉಪ್ಪಳದ ಓದುಗರ ಸಲಹೆ ವ್ಯವಹಾರಕ್ಕೆ ಒದಗಬಹುದು, ಆದರೆ ವ್ಯುತ್ಪತ್ತಿಯಾಗಿ ಅದು ನಿಲ್ಲುವುದಿಲ್ಲ. ಫಿನ್ನಿಶ್ ಭಾಷೆ ಸಂಸ್ಕೃತ ಸೇರಿರುವ ಇಂಡೋ-ಯುರೋಪಿಯನ್ ಬಳಗದ್ದಲ್ಲ. ಎಸ್ಟೋನಿಯನ್ ಅದರ ಹತ್ತಿರದ ಬಂಧು, ಹಂಗೇರಿಯನ್ ದೂರದ ಬಂಧು. ಎರಡು ಪದಗಳ ಧ್ವನಿ ಹೋಲುವುದಷ್ಟೇ ಸಂಬಂಧಕ್ಕೆ ಸಾಕ್ಷಿಯಾಗದು. ಫಿನ್ನಿಶ್ ಕೂಡ ಕನ್ನಡದ ಹಾಗೆ ಪದದ ಕೊನೆಗೆ ಪ್ರತ್ಯಯಗಳನ್ನು ಸೇರಿಸುತ್ತ ಹೋಗುವ, ಹ್ರಸ್ವದೀರ್ಘಗಳಿಂದಲೂ ಒತ್ತಕ್ಷರಗಳಿಂದಲೂ ಅರ್ಥ ಬದಲಿಸುವ ಭಾಷೆಯಾಗಿರುವುದರಿಂದ ಕಾಲ್ಡ್‌ವೆಲ್ ಅವರಂಥ ವಿದ್ವಾಂಸರೇ 1856ರಲ್ಲಿ ದ್ರಾವಿಡ ಭಾಷೆಗಳಿಗೂ ಫಿನ್ನಿಶ್ ಸೇರಿರುವ ಬಳಗಕ್ಕೂ ನಂಟನ್ನು ಊಹಿಸಿದ್ದರು. ಆ ಊಹೆಯೂ ಇಂದು ಸ್ವೀಕೃತವಾಗಿಲ್ಲ.

ಬಹುಮಂದಿ ಒಪ್ಪುವ ವಿವರಣೆಯಂತೆ ಈ ಹೆಸರಿನ ಹಿಂದಿರುವುದು ‘ವ್ಯಾಯ್ನಾ’ ಎಂಬ ಹಳೆಯ ಪದ. ಅಗಲವಾಗಿ, ನಿಧಾನವಾಗಿ ಹರಿಯುವ ಹೊಳೆ ಅಥವಾ ಜಲಸಂಧಿ ಎಂದು ಅದರ ಅರ್ಥ. ಎಸ್ಟೋನಿಯನ್ ಭಾಷೆಯಲ್ಲಿ ಜಲಸಂಧಿಗೆ ಇಂದಿಗೂ ‘ವ್ಯಾಯ್ನ್’ ಎನ್ನುತ್ತಾರೆ, ಲಾತ್ವಿಯದ ದೊಡ್ಡ ನದಿ ದೌಗವಾಕ್ಕೆ ಅವರಿಟ್ಟ ಹೆಸರೂ ಅದೇ ಮೂಲದ್ದು. ಹಾಡುಗಳಲ್ಲಿ ವ್ಯಾಯ್ನಾಮೊಯ್ನೆನನಿಗೆ ‘ಸುವಂತೊಲಾಯ್ನೆನ್’, ಅಂದರೆ ನಿಂತ ನೀರಿನ ಮಡುವಿನ ಕಡೆಯವನು, ಎಂಬ ವಿಶೇಷಣವೂ ಬರುವುದು ಈ ವಿವರಣೆಗೆ ಪೂರಕವಾಗಿದೆ.

ನಮ್ಮ ಸೀಮೆಗೆ ಸಂಬಂಧಿಸಿದ ಒಂದು ಸಂಗತಿಯನ್ನು ಇಲ್ಲಿ ಸೇರಿಸಬೇಕು. ಕಾಲೆವಾಲದ ಹಿನ್ನೆಲೆಯಿಂದ ಬಂದ ಫಿನ್ನಿಶ್ ಜಾನಪದ ವಿದ್ವಾಂಸ ಲೌರಿ ಹೊಂಕೊ ಅವರು, ಲ್ಯೋನ್‌ರೋತ್ ಕಾಲದಲ್ಲಿ ಹಾಡುಗಳು ಹೇಗೆ ಬರಹಕ್ಕಿಳಿದವು ಎಂಬ ಪ್ರಶ್ನೆಯನ್ನು ಹಿಡಿದುಕೊಂಡು, ಜೀವಂತ ಮಹಾಕಾವ್ಯವೊಂದನ್ನು ಹುಡುಕಿ ಬಂದದ್ದು ತುಳುನಾಡಿಗೆ. ಉಜಿರೆಯ ಬಳಿಯ ಮಾಚಾರಿನ ಗೋಪಾಲ ನಾಯ್ಕರು ಹಾಡಿದ ಸಿರಿ ಸಂಧಿಯನ್ನು 1990ರಲ್ಲಿ ಅವರು ವಿವೇಕ ರೈ, ಚಿನ್ನಪ್ಪ ಗೌಡ, ಅನ್ನೆಲಿ ಹೊಂಕೊ ಇವರೊಂದಿಗೆ ಧ್ವನಿಮುದ್ರಿಸಿಕೊಂಡರು. 15,683 ಸಾಲುಗಳ ಆ ಪಾಠ 1998ರಲ್ಲಿ ಹೊರಬಂದಿತು. ಲ್ಯೋನ್‌ರೋತ್ ಹಲವರ ಹಾಡುಗಳನ್ನು ತಾನೇ ಜೋಡಿಸಿದ್ದನು. ಸಿರಿಯ ಪಾಠದಲ್ಲಿ ಒಬ್ಬ ಗಾಯಕನ ಬಾಯಿಂದ ಬಂದದ್ದು ಬಂದ ಹಾಗೆಯೇ ಉಳಿದಿದೆ. ಪಾಡ್ದನ ಕೇಳಿ ಬೆಳೆದವರ ಮನೆಗೆ ಈ ಹೆಸರು ಪರಕೀಯವೆಂದು ನನಗೇನೂ ಅನ್ನಿಸುವುದಿಲ್ಲ.

ಪ್ರತಿಕ್ರಿಯೆ: ಪೆರ್ಲದ ಅಜ್ಜ

ಎಲ್ಲರಿಗೂ ಕೃತಜ್ಞತೆಗಳು. ಒಂದು ಶಂಕೆ ಉಳಿದಿದೆ. ಕಥೆಯನ್ನು ಹುಡುಕಿ ಓದಿದ ನನ್ನ ತಂಗಿ, ಆ ನಾಯಕ ಮದುವೆಗೆ ಹೆಣ್ಣು ಕೇಳಿದಲ್ಲೆಲ್ಲ ನಿರಾಶನಾದವನು, ನಿಶ್ಚಯವಾದ ಹುಡುಗಿಯೂ ನೀರುಪಾಲಾದಳು, ಅಂಥವನ ಹೆಸರು ಎಳೆಯ ಮಗುವಿಗೆ ಬೇಡ ಎನ್ನುತ್ತಿದ್ದಾಳೆ. ಅಲ್ಲಿಯವರು ಈ ಬಗ್ಗೆ ಯೋಚಿಸುವುದಿಲ್ಲವೇ?

ಉತ್ತರ: ಬದಿಯಡ್ಕದ ನಿವೃತ್ತ ಮಾಸ್ತರ

ನಿಮ್ಮ ತಂಗಿಯವರು ಓದಿದ್ದು ಸರಿಯೇ. ಐನೊ ಎಂಬ ಆ ಹುಡುಗಿ ಮುದುಕನನ್ನು ವರಿಸಲೊಲ್ಲದೆ ನೀರಿಗಿಳಿದು ಮರಳಲಿಲ್ಲ. ಆದರೆ ಫಿನ್ನರು ಆ ಹುಡುಗಿಯ ಹೆಸರನ್ನೂ ಹೆಣ್ಣುಮಕ್ಕಳಿಗೆ ಧಾರಾಳವಾಗಿ ಇಟ್ಟಿದ್ದಾರೆ, ಇಂದಿಗೂ ಅದು ಅಲ್ಲಿ ಬಹಳ ಮೆಚ್ಚಿನ ಹೆಸರು. ಹೆಸರಿನೊಂದಿಗೆ ಹಣೆಬರಹವೂ ಬರುತ್ತದೆಂದು ಲೆಕ್ಕ ಹಾಕಿದ್ದರೆ ನಮ್ಮಲ್ಲಿ ಸೀತೆ ಎಂಬ ಹೆಸರೇ ಇರುತ್ತಿರಲಿಲ್ಲ.

ಉತ್ತರ: ಕುಂಬಳೆಯವ, ಸದ್ಯ ಎಸ್ಪೊ ನಗರದಲ್ಲಿ

ಇಲ್ಲಿಯವರಿಗೆ ವ್ಯಾಯ್ನೊ ಎಂದೊಡನೆ ಕಾವ್ಯದ ಮುದುಕನಿಗಿಂತ ಮೊದಲು ನೆನಪಾಗುವವರು ಬೇರೆಯವರೂ ಇದ್ದಾರೆ. 1926ರಲ್ಲಿ ಪ್ರಧಾನಿಯಾದ ವ್ಯಾಯ್ನೊ ತನ್ನೆರ್ ಒಬ್ಬರು. ಇನ್ನೊಬ್ಬರು ಯುದ್ಧದಲ್ಲಿ ಸಾಮಾನ್ಯ ಸೈನಿಕರು ಪಟ್ಟ ಪಾಡನ್ನು ಕುರಿತು 1954ರಲ್ಲಿ ಕಾದಂಬರಿ ಬರೆದ ವ್ಯಾಯ್ನೊ ಲಿನ್ನಾ. ನಿಮ್ಮ ಮಗಳಿರುವ ತಾಂಪೆರೆಯ ಹತ್ತಿಯ ಗಿರಣಿಯಲ್ಲಿ ಕಾರ್ಮಿಕರಾಗಿದ್ದುಕೊಂಡೇ ಬರೆಯತೊಡಗಿದವರು ಅವರು, ಅಲ್ಲಿಯ ಒಂದು ಚೌಕಕ್ಕೆ ಅವರ ಹೆಸರನ್ನೇ ಇಟ್ಟಿದ್ದಾರೆ. ಯುದ್ಧಾನಂತರ ಹುಟ್ಟಿದವರಲ್ಲಿ ಈ ಹೆಸರು ವಿರಳವಾಗಿ, ಅಜ್ಜಂದಿರ ಹೆಸರೆಂದು ಮೂಲೆ ಸೇರಿತ್ತು. ಈ ಶತಮಾನದಲ್ಲಿ ಮುತ್ತಜ್ಜಂದಿರ ಹೆಸರುಗಳು ಮರಳಿ ಬರುತ್ತಿರುವಾಗ ಇದೂ ಬಂದಿದೆ. ಮೊಮ್ಮಗ ಶಾಲೆಗೆ ಹೋಗುವಾಗ ಅದೇ ಹೆಸರಿನ ಇನ್ನೊಬ್ಬ ಹುಡುಗ ತರಗತಿಯಲ್ಲಿ ಸಿಕ್ಕರೆ ಆಶ್ಚರ್ಯವಿಲ್ಲ.

ಪ್ರತಿಕ್ರಿಯೆ: ಪೆರ್ಲದ ಅಜ್ಜ

ಸೀತೆಯ ಮಾತಿಗೆ ತಂಗಿಯ ಬಳಿ ಉತ್ತರವಿರಲಿಲ್ಲ. ಅಕ್ಕಿಯಲ್ಲಿ ‘ವ್ಯಾಯ್ನೊ’ ಎಂದೇ ಬರೆಯುತ್ತೇವೆ. ಎರಡನೆಯ ಹೆಸರಿಗೆ ಅವಕಾಶವಿದೆ ಎಂಬುದನ್ನು ಮಗಳಿಗೆ ತಿಳಿಸಿದೆ, ನನ್ನ ತಂದೆಯವರ ಹೆಸರನ್ನು ಸೇರಿಸಲು ಅಳಿಯ ಒಪ್ಪಿದ್ದಾನಂತೆ. ಈಗ ಆ ಹೆಸರನ್ನು ಫಿನ್ನಿಶ್ ಅಕ್ಷರಗಳಲ್ಲಿ ಹೇಗೆ ಬರೆಯಬೇಕೆಂದು ಅವನೇ ಕೇಳುತ್ತಿದ್ದಾನೆ. ಎಸ್ಪೊದವರು ದಯವಿಟ್ಟು ನೆರವಾಗಬೇಕು. ಹೆಸರಿನಲ್ಲಿ ಒಂದು ಮಹಾಪ್ರಾಣವೂ ಒಂದು ಳಕಾರವೂ ಇವೆ.