‘ಅಮೂರ್ತ’ ಎಂದರೆ ಆಕಾರ ಇಲ್ಲದ್ದೇ?

ಆಧುನಿಕ ಕಲೆ ಮತ್ತು ಕಲಾವಿಮರ್ಶೆಯ ಪುಸ್ತಕಗಳನ್ನು ಓದುತ್ತಾ ಕನ್ನಡದಲ್ಲಿ ಟಿಪ್ಪಣಿ ಬರೆದುಕೊಳ್ಳುತ್ತಿದ್ದೇನೆ. ಒಂದು ಪದದ ಹತ್ತಿರ ಬಂದು ನಿಂತುಬಿಟ್ಟಿದ್ದೇನೆ. ‘ಆ್ಯಬ್‌ಸ್ಟ್ರಾಕ್ಟ್ ಆರ್ಟ್’ ಅನ್ನುವುದಕ್ಕೆ ನಾವೆಲ್ಲ ‘ಅಮೂರ್ತ ಕಲೆ’ ಅನ್ನುತ್ತೇವೆ, ಅಲ್ವಾ? ನಾನೂ ಹಾಗೇ ಬರೆಯುತ್ತಾ ಬಂದೆ. ಡಚ್ ಚಿತ್ರಕಾರ ಮಾಂಡ್ರಿಯನ್ ಬಿಡಿಸಿದ ಮರಗಳ ಬಗ್ಗೆ ಬರೆಯಲು ಕೂತಾಗ ಆ ಪದ ಕೈಕೊಟ್ಟಿತು.

ಆ ಮರಗಳನ್ನು ನೀವು ನೋಡಿರಬಹುದು. 1908ರಲ್ಲಿ ಶುರುವಾದ ಕೆಂಪು ಮರದಲ್ಲಿ ಕಾಂಡ, ಕೊಂಬೆ, ನೆಲ ಎಲ್ಲಾ ಇದೆ. ಬಣ್ಣ ಮಾತ್ರ ಉರಿಯುವ ಹಾಗಿದೆ. 1911ರ ಬೂದು ಮರದಲ್ಲಿ ಆ ಬಣ್ಣ ಹೋಯಿತು, ಕೊಂಬೆಗಳು ಬಾಗಿದ ಗೆರೆಗಳಾದವು. 1912ರ ‘ಹೂಬಿಟ್ಟ ಸೇಬಿನ ಮರ’ದಲ್ಲಿ ಹೂವೂ ಕಾಣುವುದಿಲ್ಲ, ಸೇಬೂ ಕಾಣುವುದಿಲ್ಲ. ಕಮಾನಿನಂಥ ಗೆರೆಗಳು ಒಂದನ್ನೊಂದು ದಾಟಿಕೊಂಡು ಹೋಗುತ್ತವೆ. ಹೆಸರು ಓದದೆ ನೋಡಿದರೆ ಅದು ಮರ ಅಂತ ಹೊಳೆಯುವುದು ಕಷ್ಟ. ಆದರೆ ಮೂರನ್ನೂ ಸಾಲಾಗಿ ಇಟ್ಟು ನೋಡಿದರೆ, ಮರದ ಒಳಗಿಂದ ಏನೋ ಒಂದನ್ನು ಮೆಲ್ಲಗೆ ಹೊರಗೆ ಎಳೆಯುತ್ತಿರುವುದು ಕಾಣುತ್ತದೆ.

ಇಂಗ್ಲಿಷ್ ಪದದ ಹೊಟ್ಟೆಯಲ್ಲಿರುವುದೂ ಇದೇ ಅರ್ಥ. ಅದು ಲ್ಯಾಟಿನ್ನಿನ ‘ಎಳೆ’ ಎಂಬ ಧಾತುವಿನಿಂದ ಬಂದದ್ದು. ಟ್ರ್ಯಾಕ್ಟರ್ ಕೂಡ ಅದೇ ಬಳ್ಳಿಯದು. ನ್ಯೂಯಾರ್ಕಿನ ಆಧುನಿಕ ಕಲೆಯ ಮ್ಯೂಸಿಯಂನಲ್ಲಿದ್ದ ಆಲ್ಫ್ರೆಡ್ ಬಾರ್ 1936ರ ‘ಕ್ಯೂಬಿಸಂ ಅಂಡ್ ಆ್ಯಬ್‌ಸ್ಟ್ರಾಕ್ಟ್ ಆರ್ಟ್’ ಪುಸ್ತಕದಲ್ಲಿ ಇದನ್ನು ಚೆನ್ನಾಗಿ ಬಿಡಿಸಿ ಹೇಳುತ್ತಾರೆ. ಕ್ರಿಯಾಪದವಾಗಿ ಅದಕ್ಕೆ ಒಂದರಿಂದ ಹೊರಗೆ ಎಳೆಯುವುದು ಎಂಬ ಅರ್ಥ. ನಾಮಪದವಾದರೆ, ಆಗಲೇ ಎಳೆದು ದೂರ ತಂದಿಟ್ಟದ್ದು; ಎಷ್ಟು ದೂರ ಅಂದರೆ ಹೊರಗಿನ ಲೋಕದ ಜೊತೆ ಅದರ ನಂಟೇ ಕಾಣದೆ ಹೋಗಬಹುದು. ಹಾಗಾಗಿ ಅವರು ಎರಡು ಬಗೆ ಮಾಡುತ್ತಾರೆ. ಕಣ್ಣಿಗೆ ಕಂಡದ್ದರಿಂದ ಹೊರಟು ಅದನ್ನು ಬದಲಿಸುತ್ತಾ ಹೋಗುವ ಚಿತ್ರಗಳು ಒಂದು ಬಗೆ. ಮೊದಲಿನಿಂದಲೂ ಬರೀ ಚೌಕ, ವೃತ್ತ, ಗೆರೆಗಳಿಂದ ಕಟ್ಟಿದ ಚಿತ್ರಗಳು ಇನ್ನೊಂದು. ಮಾಂಡ್ರಿಯನ್ನರ ಮರಗಳು ಮೊದಲನೆಯದಕ್ಕೆ ಸೇರುತ್ತವೆ. 1915ರಲ್ಲಿ ರಷ್ಯಾದ ಚಿತ್ರಕಾರ ಮಾಲೆವಿಚ್ ತೋರಿಸಿದ ಕಪ್ಪು ಚೌಕ ಎರಡನೆಯದಕ್ಕೆ.

ನಮ್ಮ ‘ಅಮೂರ್ತ’ ಈ ಎರಡನ್ನೂ ಒಂದೇ ಚೀಲಕ್ಕೆ ಹಾಕಿಬಿಡುತ್ತದೆ. ಅದಕ್ಕಿಂತ ದೊಡ್ಡ ತೊಡಕು ಕ್ರಿಯಾಪದದ್ದು. ‘ಮಾಂಡ್ರಿಯನ್ ಮರವನ್ನು ಅಮೂರ್ತಗೊಳಿಸಿದರು’ ಎಂದು ಬರೆದೆ, ಹೊಡೆದುಹಾಕಿದೆ. ಮರವನ್ನು ಮಾಯ ಮಾಡಿದರು ಅನ್ನುವ ಹಾಗೆ ಕೇಳುತ್ತದೆ.

‘ಅಮೂರ್ತ’ದ ಪರವಾಗಿಯೂ ಹೇಳಬೇಕಾದ್ದಿದೆ. ‘ಮೂರ್ತ’ ಎಂಬುದರ ಮೂಲ ಅರ್ಥ ಹೆಪ್ಪುಗಟ್ಟಿದ್ದು, ಗಟ್ಟಿಯಾದದ್ದು. ಬೃಹದಾರಣ್ಯಕ ಉಪನಿಷತ್ತಿನಲ್ಲಿ ಬ್ರಹ್ಮಕ್ಕೆ ಎರಡು ರೂಪ, ಮೂರ್ತ ಮತ್ತು ಅಮೂರ್ತ, ಎಂಬ ಮಾತು ಬರುತ್ತದೆ. ಅಲ್ಲಿ ಗಾಳಿ ಮತ್ತು ಅಂತರಿಕ್ಷ ಅಮೂರ್ತ. ಗಮನಿಸಿ, ಎರಡನ್ನೂ ‘ರೂಪ’ ಎಂದೇ ಕರೆದಿದೆ! ಅಂದರೆ ಅಮೂರ್ತ ಎಂದರೆ ರೂಪ ಇಲ್ಲದ್ದಲ್ಲ, ಗಟ್ಟಿಯಾಗದ ರೂಪ. ಇದು ಕಂಡಾಗ ನನಗೆ ತುಂಬಾ ಖುಷಿಯಾಯಿತು. ಅಮೆರಿಕದ ಚಿತ್ರಕಾರ ರಾಥ್ಕೊ ಅವರ ಅಂಚು ಕರಗಿದ ಬಣ್ಣದ ಆಯತಗಳಿಗೆ ಇದಕ್ಕಿಂತ ಒಳ್ಳೆಯ ಪದ ಬೇಕಿಲ್ಲ ಅನಿಸಿತು.

ಆದರೆ ಕಪ್ಪು ಚೌಕಕ್ಕೆ? ಅದು ಕಣ್ಣೆದುರು ಗಟ್ಟಿಯಾಗಿ ನಿಂತಿದೆ. ಇದೇ ತಕರಾರನ್ನು ಕಲಾವಿದರೇ ಎತ್ತಿದ್ದಾರೆ. 1930ರಲ್ಲಿ ಡಚ್ ಕಲಾವಿದ ವಾನ್ ಡೂಸ್‌ಬರ್ಗ್ ಮತ್ತು ಜೊತೆಗಾರರು, ಗೆರೆ, ಬಣ್ಣ, ಸಮತಲ ಇವುಗಳಿಗಿಂತ ನಿಜವಾದದ್ದು ಇನ್ನೇನಿದೆ ಎಂದು ವಾದಿಸಿ, ತಮ್ಮ ಕಲೆಗೆ ‘ಕಾಂಕ್ರೀಟ್ ಆರ್ಟ್’ ಎಂಬ ಹೆಸರು ಇಟ್ಟುಕೊಂಡರು. ಇದನ್ನು ಕನ್ನಡಕ್ಕೆ ತಂದರೆ ‘ಮೂರ್ತ ಕಲೆ’ ಆಗುತ್ತದೆ. ಆಗ ಒಂದೇ ಚಿತ್ರ ಒಂದು ಪುಟದಲ್ಲಿ ಅಮೂರ್ತ, ಮುಂದಿನ ಪುಟದಲ್ಲಿ ಮೂರ್ತ. ಇದ್ದ ಹಾಗೇ ‘ಕಾಂಕ್ರೀಟ್’ ಎಂದು ಬಿಟ್ಟರೆ ಓದುವವರಿಗೆ ಸಿಮೆಂಟು ನೆನಪಾಗುತ್ತದೆ.

ಇಂಥ ಪಂಥಗಳ ಹೆಸರುಗಳ ಬಗ್ಗೆ ನನಗೆ ಜಾಸ್ತಿ ತಕರಾರಿಲ್ಲ. ‘ಇಂಪ್ರೆಷನಿಸ್ಟ್’ ಎಂಬುದು 1874ರಲ್ಲಿ ಲೂಯಿ ಲೆರಾಯ್ ಎಂಬ ವಿಮರ್ಶಕರು ಹಂಗಿಸಲು ಬಳಸಿದ ಮಾತು. ‘ಫಾವ್’, ಅಂದರೆ ಕಾಡುಮೃಗ, ಎಂಬುದು 1905ರಲ್ಲಿ ವೋಸೆಲ್ ಎಂಬ ಇನ್ನೊಬ್ಬ ವಿಮರ್ಶಕರಿಂದ ಬಂದದ್ದು. ಅವು ಹಾಗೆಯೇ ಇರಲಿ. ಆದರೆ ‘ಅಮೂರ್ತ’ ಹೆಸರಲ್ಲ, ಚಿತ್ರ ಹೇಗೆ ಹುಟ್ಟಿತು ಎಂದು ವಿವರಿಸುವ ಪದ. ಅದು ಸರಿಯಾಗಿ ಕೂರಲೇಬೇಕು. ಅದರಲ್ಲೂ ಮಾತಿನಲ್ಲಿ ಅದು ಈಗ ‘ಸ್ಪಷ್ಟ ಇಲ್ಲದ್ದು’ ಎಂಬ ಅರ್ಥಕ್ಕೆ ಜಾರಿದೆ. ‘ತುಂಬಾ ಅಮೂರ್ತವಾಗಿ ಮಾತಾಡುತ್ತಾರೆ’ ಅಂದರೆ ಹೊಗಳಿಕೆಯಲ್ಲ. ತಿಳಿಯದ ಏನನ್ನು ಕಂಡರೂ ‘ಮಾಡರ್ನ್ ಆರ್ಟ್ ಥರ ಇದೆ’ ಅನ್ನುವುದೂ ಇದೇ ದಾರಿಯದು. ಒಂದು ಗೆರೆ ಆಚೀಚೆ ಆಗದಂತೆ ತೂಗಿ ನೋಡಿ ಇಟ್ಟ ಮಾಂಡ್ರಿಯನ್ನರ ಚಿತ್ರಕ್ಕೆ ಆ ನೆರಳು ಬೀಳುವುದು ನನಗೆ ನೋವಿನ ಸಂಗತಿ.

ನಮ್ಮ ವ್ಯಾಕರಣದಲ್ಲಿ ‘ಹಿರಿಮೆ’ಯಂಥ ಪದಕ್ಕೆ ಭಾವನಾಮ ಅನ್ನುತ್ತೇವೆ. ಹಿರಿದಾದ ವಸ್ತುವನ್ನು ಬಿಟ್ಟು ಹಿರಿತನವನ್ನಷ್ಟೇ ತೆಗೆದುಕೊಂಡದ್ದು. ಮರದ ಚಿತ್ರಗಳಲ್ಲಿ ಆಗಿರುವುದು ಅದೇ. ಆದರೆ ‘ಭಾವಚಿತ್ರ’ ಆಗಲೇ ಬೇರೆ ಕೆಲಸಕ್ಕೆ ಸೇರಿಬಿಟ್ಟಿದೆ. ‘ಹಿಂಡು’ ಎಂದು ನೋಡಿದೆ. ಬಟ್ಟೆ ಹಿಂಡಿದಾಗ ಬೇಕಾದ್ದು ಬಟ್ಟೆ, ಹಣ್ಣು ಹಿಂಡಿದಾಗ ಬೇಕಾದ್ದು ರಸ. ಮರದಲ್ಲಿ ಯಾವುದು ಉಳಿಯಿತು ಎಂದು ತಿಳಿಯುವುದಿಲ್ಲ. ‘ಕಳಚು’ ಅಂದರೆ ಬಿದ್ದುಹೋದದ್ದರ ಕಡೆಗೇ ಗಮನ ಹೋಗುತ್ತದೆ. ‘ಸೋಸು’ ನನಗೆ ಹಿಡಿಸಿದೆ. ಬೇಡದ್ದನ್ನು ತೆಗೆದು ಬೇಕಾದ್ದನ್ನು ಉಳಿಸಿಕೊಳ್ಳುವ ಅರ್ಥ ಅದರಲ್ಲಿದೆ, ನಿಧಾನವೂ ಇದೆ. ಆದರೆ ಅದರಿಂದ ಒಳ್ಳೆಯ ನಾಮಪದ ಹುಟ್ಟುತ್ತಿಲ್ಲ. ‘ಸೋಸಿದ ರೂಪ’ ಅನ್ನಬಹುದೇ?

ಚಿತ್ರ ಬರೆಯುವವರು ತಮ್ಮತಮ್ಮಲ್ಲಿ ಈ ಕೆಲಸಕ್ಕೆ ಏನನ್ನುತ್ತಾರೆ? ಹಳೆಯ ಕಲಾವಿಮರ್ಶೆಯ ಬರಹಗಳಲ್ಲಿ ‘ಅಮೂರ್ತ’ಕ್ಕೆ ಬದಲು ಬೇರೆ ಪದ ಕಂಡವರಿದ್ದರೆ ದಯವಿಟ್ಟು ತಿಳಿಸಿ. ಸದ್ಯಕ್ಕೆ ‘ಮಾಂಡ್ರಿಯನ್ ನಾಲ್ಕು ವರ್ಷ ಮರವನ್ನು ಸೋಸುತ್ತಾ ಹೋದರು’ ಎಂದು ಬರೆದಿಟ್ಟಿದ್ದೇನೆ. ನಿಮ್ಮ ಕಿವಿಗೆ ಈ ವಾಕ್ಯ ಹೇಗೆ ಕೇಳುತ್ತದೆ?