ಈಜುಕೊಳದ ಗೇಟಿಗೆ ಬೀಗ: ಭಾನುವಾರದ ಸಭೆಗೆ ಮುಂಚೆ ಓದಿ

ಅಡ್ಮಿನ್, 4ನೇ ಕ್ರಾಸ್, ಬೆಳಿಗ್ಗೆ 6:52
ಎಲ್ಲರಿಗೂ ನಮಸ್ಕಾರ. ಇವತ್ತು ಈಜುಕೊಳದ ಗೇಟಿಗೆ ಬೀಗ ಬಿದ್ದಿದೆ. ಪಕ್ಕದಲ್ಲಿ ಹೊಸ ಬೋರ್ಡು: 'ಪುನರಾಭಿವೃದ್ಧಿ ಕಾಮಗಾರಿ, ಸಾರ್ವಜನಿಕರು ಸಹಕರಿಸಬೇಕು'. ಎಷ್ಟು ಹಣ, ಯಾರು ಮಾಡ್ತಿದ್ದಾರೆ, ಯಾವಾಗ ಮುಗಿಯುತ್ತೆ, ಒಂದೂ ಬರೆದಿಲ್ಲ. ವಾಚ್‌ಮನ್ ಹೇಳೋ ಪ್ರಕಾರ ಕಟ್ಟಡ ಪೂರ್ತಿ ಒಡೀತಾರಂತೆ. ಕೆಳಗೆ ಅಂಗಡಿ, ಮೇಲೆ ಜಿಮ್, ಅದರ ಮೇಲೆ 'ಚಿಕ್ಕದೊಂದು ಪೂಲ್'. ನಕ್ಷೆ ನಾನು ನೋಡಿಲ್ಲ, ಇದು ವಾಚ್‌ಮನ್ ಮಾತು ಅಷ್ಟೇ. ಗೊತ್ತಿರೋರು ಹೇಳಿ.

ಮನೆ 118
ಮೂರು ತಿಂಗಳ ಫೀಸು ಮೊನ್ನೆ ತಾನೇ ಕಟ್ಟಿದ್ದೆ. ಮಗಳು ಕ್ಯಾಪ್ ಹಾಕ್ಕೊಂಡೇ ಗೇಟಿನ ಮುಂದೆ ನಿಂತಿದ್ದಳು. ಒಂದು ವಾರ ಮುಂಚೆ ಹೇಳೋಕೆ ಏನಾಗಿತ್ತು?

ಕಾರ್ನರ್ ಸೈಟ್
ಒಡೆಯಲಿ ಬಿಡ್ರಿ. ಆ ಕೊಳ ನೀರು ಕುಡಿಯೋ ರಾಕ್ಷಸ. 2024ರ ಮಾರ್ಚ್‌ನಲ್ಲಿ ಏನಾಯ್ತು ಮರೆತುಬಿಟ್ರಾ? ನಮ್ಮ ಮನೆಗೆ ಟ್ಯಾಂಕರ್ ಸಿಗ್ತಿರಲಿಲ್ಲ. ಕುಡಿಯೋ ನೀರು ಈಜುಕೊಳಕ್ಕೆ ಬಿಟ್ಟರೆ 5,000 ರೂಪಾಯಿ ದಂಡ ಅಂತ ಜಲಮಂಡಳಿ ಆದೇಶ ಮಾಡಿತ್ತು. ಸೋರೋ ಕೊಳ ಇಟ್ಕೊಂಡು ಏನು ಮಾಡೋದು?

ಬೆಳಗಿನ ಬ್ಯಾಚ್ ಅಜ್ಜಿ, 2ನೇ ಕ್ರಾಸ್
ನನಗೆ 67. ಮಂಡಿ ಸವೆದಿದೆ. ವಾಕಿಂಗ್ ಬಿಡಿ, ನೀರಿನಲ್ಲಿ ನಡೀರಿ ಅಂದರು ಡಾಕ್ಟರು. ಎದೆಮಟ್ಟ ನೀರಿನಲ್ಲಿ ಮೈಭಾರವೇ ಗೊತ್ತಾಗಲ್ಲಪ್ಪ. ಹೆಂಗಸರ ಬ್ಯಾಚಿಗೆ ನಾವು ಹನ್ನೊಂದು ಜನ ಬರ್ತಿದ್ದೆವು. ಬಸವನಗುಡಿ ಕೊಳಕ್ಕೆ ಹೋಗಿ ಅಂತೀರಿ, ಎರಡು ಬಸ್ಸು ಹತ್ತಬೇಕು. ಇನ್ನೊಂದು ಮಾತು. ನಮ್ಮದಕ್ಕೆ ಮೇಲೆ ಸೂರಿದೆ, ಸುತ್ತ ಗೋಡೆ ಇದೆ. ಯಾವ ಟೆರೇಸಿನಿಂದಲೂ ಯಾರೂ ನೋಡಲ್ಲ. ನಮ್ಮಲ್ಲಿ ಅರ್ಧ ಜನ ನೀರಿಗೆ ಇಳಿದಿದ್ದೇ ಆ ಧೈರ್ಯದ ಮೇಲೆ.

ಮನೆ 212, ನಿವೃತ್ತ ಇಂಜಿನಿಯರ್
ಕಾರ್ನರ್ ಸೈಟ್ ಸಾರ್, ಸೋರೋದು ನಿಜ. ಆದರೆ ಎಲ್ಲಿ ಸೋರ್ತಿದೆ ಅಂತ ಯಾರಾದ್ರೂ ನೋಡಿದ್ದಾರಾ? ನಾನು ನೋಡಿದ್ದೇನೆ. ಸ್ವಲ್ಪ ಉದ್ದ ಬರೀತೀನಿ, ಬೈಕೋಬೇಡಿ.

ಸೋಮವಾರ ಕೊಳಕ್ಕೆ ರಜೆ. ಹೋದ ತಿಂಗಳು ಒಂದು ಭಾನುವಾರ ಸಂಜೆ ನೀರು ತುಂಬೋ ವಾಲ್ವ್ ಮುಚ್ಚಿಸಿದೆ. ಒಂದು ಬಕೆಟ್‌ಗೆ ಕೊಳದ್ದೇ ನೀರು ತುಂಬಿ, ಅಲುಗಾಡದ ಹಾಗೆ ತಳಕ್ಕೆ ಕಲ್ಲು ಹಾಕಿ, ಮೆಟ್ಟಿಲ ಮೇಲೆ ಇಟ್ಟೆ. ಬಕೆಟ್ ಒಳಗೆ ನೀರಿನ ಮಟ್ಟಕ್ಕೆ ಒಂದು ಗೆರೆ, ಹೊರಗೆ ಕೊಳದ ಮಟ್ಟಕ್ಕೆ ಒಂದು ಗೆರೆ. ಗಾಳಿಗೆ ಆರೋ ನೀರು ಎರಡರಲ್ಲೂ ಒಂದೇ. ಕೊಳದಲ್ಲಿ ಅದಕ್ಕಿಂತ ಜಾಸ್ತಿ ಇಳಿದರೆ ಅದು ಸೋರಿಕೆ. ಪಂಪ್ ಓಡಿಸಿಯೇ ಬಿಟ್ಟಿದ್ದೆವು. 24 ಗಂಟೆ ಆದಮೇಲೆ ಬಕೆಟ್‌ನಲ್ಲಿ ಅರ್ಧ ಸೆಂಟಿಮೀಟರ್ ಇಳಿದಿತ್ತು, ಕೊಳದಲ್ಲಿ 4. ನಮ್ಮ ಕೊಳ 25 ಮೀಟರ್ ಉದ್ದ, 12.5 ಅಗಲ. 1 ಸೆಂಟಿಮೀಟರ್ ಇಳಿದರೆ 3,125 ಲೀಟರ್ ಹೋಯ್ತು ಅಂತ ಲೆಕ್ಕ. ಅಂದರೆ ದಿನಕ್ಕೆ ಸುಮಾರು 11,000 ಲೀಟರ್. ಎರಡು ಟ್ಯಾಂಕರ್ ಹತ್ತಿರ ಹತ್ತಿರ.

ಮುಂದಿನ ವಾರ ಪಂಪ್ ನಿಲ್ಲಿಸಿ ಅದನ್ನೇ ಮಾಡಿದೆ. ಎರಡು ಗೆರೆಯೂ ಸಮ! ಪಂಪ್ ನಿಂತರೆ ಸೋರಿಕೆಯೂ ನಿಲ್ಲುತ್ತೆ ಅಂದರೆ ಕೊಳದ ತೊಟ್ಟಿ ಗಟ್ಟಿಯಾಗಿದೆ. ಫಿಲ್ಟರ್‌ನಿಂದ ಕೊಳಕ್ಕೆ ವಾಪಸ್ ಬರೋ ಪೈಪು ಎಲ್ಲೋ ಒಡೆದಿದೆ. ಪೈಪ್ ಒಡೆದಿದೆ ಅಂತ ಕಟ್ಟಡ ಒಡೀತಾರಾ?

ಮನೆ 118
ಸಾರ್, ಸೂಪರ್. ಹಾಗಾದರೆ 'ಈಜುಕೊಳ ಉಳಿಸಿ' ಅಂತ ಬ್ಯಾನರ್ ಮಾಡಿಸ್ಲಾ?

ಮನೆ 212
ಬೇಡ. ಸೂರಿನ ವಿಷಯದಲ್ಲಿ ನಾನು ಆ ಬೀಗ ಹಾಕಿದವರ ಪರ. ಮೂರನೇ ಲೇನಿನ ಮೇಲೆ ತುಕ್ಕು ಹಪ್ಪಳದ ಹಾಗೆ ಎದ್ದಿದೆ, ಚೂರು ನೀರಿಗೆ ಬೀಳ್ತಿದೆ. ಪಾರಿವಾಳ ಬರುತ್ತೆ ಅಂತ ಗಾಳಿ ಕಿಂಡಿಗಳಿಗೆಲ್ಲ ಪ್ಲೈವುಡ್ ಹೊಡೆದುಬಿಟ್ಟರಲ್ಲ, ಶುರುವಾಗಿದ್ದೇ ಅಲ್ಲಿಂದ. ಮೂಗಿಗೆ ಬಡಿಯೋ ಆ ವಾಸನೆ ಬರೀ ಕ್ಲೋರಿನ್‌ದಲ್ಲ. ಕ್ಲೋರಿನ್ ನಮ್ಮ ಬೆವರು, ಮೂತ್ರದ ಜೊತೆ ಸೇರಿದರೆ ಕ್ಲೋರಮೈನ್ ಆಗುತ್ತೆ. ಗಾಳಿ ಆಡದಿದ್ದರೆ ಅದು ಸೂರಿನ ಕೆಳಗೇ ನಿಂತು ಉಕ್ಕನ್ನು ತಿನ್ನುತ್ತೆ. 1985ರಲ್ಲಿ ಸ್ವಿಟ್ಜರ್ಲೆಂಡಿನ ಉಸ್ಟರ್ ಅನ್ನೋ ಊರಲ್ಲಿ ಇಂಥದೇ ಒಳಾಂಗಣ ಈಜುಕೊಳದ ಕಾಂಕ್ರೀಟ್ ಚಾವಣಿ ಕುಸಿದು 12 ಜನ ಸತ್ತರು. ಚಾವಣಿ ಹಿಡಿದಿದ್ದ ಸ್ಟೇನ್‌ಲೆಸ್ ಸ್ಟೀಲ್ ಸರಳುಗಳೇ ಕ್ಲೋರಿನ್ ಗಾಳಿಗೆ ಕೊರೆದು ತುಂಡಾಗಿದ್ದವು. ಹಾಗಾಗಿ ಸೂರು ಬದಲಾಗಲೇಬೇಕು. 'ಏನೂ ಮುಟ್ಟಬೇಡಿ' ಅಂತ ಹೋದರೆ ನಾವೇ ತಪ್ಪಾಗ್ತೀವಿ.

3ನೇ ಕ್ರಾಸ್, ಮಹಡಿ ಮನೆ
ಮಕ್ಕಳ ಬ್ಯಾಚ್ ಆದಮೇಲೆ ವಾಸನೆ ಯಾಕೆ ಜಾಸ್ತಿ ಅಂತ ಈಗ ಗೊತ್ತಾಯ್ತು 😂

ಬೆಳಗಿನ ಬ್ಯಾಚ್ ಅಜ್ಜಿ
ಮಕ್ಕಳನ್ನ ಯಾಕೆ ಅಂತೀಯಪ್ಪ. ಸ್ನಾನ ಮಾಡದೆ, ತಲೆಗೆ ಎಣ್ಣೆ ಹಾಕ್ಕೊಂಡು ದಬಕ್ ಅಂತ ಬೀಳೋ ದೊಡ್ಡೋರಿಲ್ವಾ. ಹೆಸರು ಹೇಳಲ್ಲ.

ಮನೆ 118
ಮೇಲಿನ ಮಹಡಿಯಲ್ಲೇ ಪೂಲ್ ಕೊಟ್ಟರೂ ಪರವಾಗಿಲ್ಲ ಅಲ್ವಾ ಸಾರ್?

ಮನೆ 212
ಸರಾಸರಿ 1.4 ಮೀಟರ್ ಆಳ ಇಟ್ಟರೂ ಈಗಿನ ಕೊಳದ ನೀರೇ 437 ಟನ್ ತೂಗುತ್ತೆ. ಮಹಡಿ ಮೇಲೆ ಕಟ್ಟೋಕೆ ಆಗಲ್ಲ ಅಂತಲ್ಲ, ಖರ್ಚು ಏರುತ್ತೆ. ಆಗ ಮೊದಲು ಕತ್ತರಿ ಬೀಳೋದು ಉದ್ದಕ್ಕೆ. ಸ್ಪರ್ಧೆಗೆ 50 ಮೀಟರ್ ಇರಬೇಕು, ಇಲ್ಲ 25. 18 ಮೀಟರ್‌ನಲ್ಲಿ ಈಜಿದ ಟೈಮಿಂಗ್ ಯಾರೂ ಲೆಕ್ಕಕ್ಕೆ ಇಡಲ್ಲ. 2024ರ ಪ್ಯಾರಿಸ್ ಒಲಿಂಪಿಕ್ಸ್‌ಗೆ ಭಾರತದಿಂದ ಈಜೋಕೆ ಹೋದವರು ಇಬ್ಬರೇ, ಶ್ರೀಹರಿ ನಟರಾಜ್ ಮತ್ತು ಧಿನಿಧಿ ದೇಸಿಂಗು. ಇಬ್ಬರೂ ಬೆಂಗಳೂರಿನವರೇ. ಅಂಥ ಊರಲ್ಲಿ ಇರೋ 25 ಮೀಟರ್‌ನ ಬಿಟ್ಟುಕೊಡೋದಾ?

ಕಾರ್ನರ್ ಸೈಟ್
ದಿನಾ ಎರಡು ಟ್ಯಾಂಕರ್ ಉಳಿಸ್ತೀವಿ ಅಂದರೆ ನನ್ನದೂ ಸಹಿ ಇದೆ. ಅಂಗಡಿ ಬಂದರೆ ಪಾರ್ಕಿಂಗ್ ನನ್ನ ಗೇಟಿನ ಮುಂದೆಯೇ ಅಂತ ಈಗ ಹೊಳೀತು.

ಮನೆ 63, ವಕೀಲರು
ಧರಣಿ ಆಮೇಲೆ ನೋಡೋಣ, ಮೊದಲು ಕಾಗದ. ಆರ್‌ಟಿಐ ಹಾಕೋಣ, 10 ರೂಪಾಯಿ ಪೋಸ್ಟಲ್ ಆರ್ಡರ್ ಸಾಕು. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಗೆ ಒಂದೇ ವಿಷಯ, 150 ಪದದೊಳಗೆ ಇರಬೇಕು. ಅದಕ್ಕೇ ಮೂರು ಬೇರೆ ಬೇರೆ ಅರ್ಜಿ: ಕಟ್ಟಡದ ಬಲ ಪರೀಕ್ಷಿಸಿದ ವರದಿ, ಒಪ್ಪಿಗೆಯಾದ ನಕ್ಷೆ ಮತ್ತು ಅಂದಾಜು ಪಟ್ಟಿ, ಟೆಂಡರ್ ಷರತ್ತು. ಮೂರನೆಯದರಲ್ಲಿ ಫೀಸು ಯಾರು ನಿಗದಿ ಮಾಡ್ತಾರೆ, ಹೆಂಗಸರ ಬ್ಯಾಚ್ ಬರಹದಲ್ಲಿ ಇದೆಯಾ ಅಂತ ಸಿಗಬೇಕು. ಉತ್ತರಕ್ಕೆ 30 ದಿನ. ಅಷ್ಟರಲ್ಲಿ ಬಡಾವಣೆಯ ಮೂಲ ನಕ್ಷೆಯನ್ನೂ ಹುಡುಕ್ತೀನಿ. ಆ ಜಾಗ ಉದ್ಯಾನ ಅಥವಾ ಆಟದ ಮೈದಾನ ಅಂತ ಗುರುತಾಗಿದ್ದರೆ ಉದ್ಯಾನ, ಆಟದ ಮೈದಾನಗಳನ್ನ ಕಾಪಾಡೋಕೆ ಅಂತಲೇ ಇರೋ ರಾಜ್ಯದ 1985ರ ಕಾಯ್ದೆ ನಮ್ಮ ಕಡೆ ಇರುತ್ತೆ, ಅಂಗಡಿ ಕಟ್ಟೋದು ಸುಲಭ ಅಲ್ಲ.

3ನೇ ಕ್ರಾಸ್, ಮಹಡಿ ಮನೆ
ಬಿಬಿಎಂಪಿ ಹೋಗಿ ಐದು ಪಾಲಿಕೆ ಆಯ್ತಲ್ಲ ಮೇಡಂ, ಅರ್ಜಿ ಯಾರ ಹೆಸರಿಗೆ? ಕಡತ ಎಲ್ಲಿದೆಯೋ.

ಮನೆ 63
ತಪ್ಪು ಕಚೇರಿಗೆ ಹೋದರೂ 5 ದಿನದೊಳಗೆ ಸರಿಯಾದ ಕಚೇರಿಗೆ ಅವರೇ ಕಳಿಸಬೇಕು. ಕಾಯ್ದೆಯಲ್ಲೇ ಇದೆ, ತಲೆ ಕೆಡಿಸ್ಕೋಬೇಡಿ.

ಅಡ್ಮಿನ್
ಸರಿ. ಭಾನುವಾರ ಬೆಳಿಗ್ಗೆ 10ಕ್ಕೆ ದೇವಸ್ಥಾನದ ಹಿಂದಿನ ಹಾಲ್. ಮನವಿಯಲ್ಲಿ ಕೇಳೋದು ಇಷ್ಟೇ: ಸೂರು ಹೊಸದು ಹಾಕಿ, ಪೈಪ್ ಬದಲಿಸಿ, ಕೊಳ ಅಲ್ಲೇ ಅಷ್ಟೇ ಇರಲಿ. ಫೀಸು ಕಟ್ಟಿದವರು ರಸೀದಿ ತನ್ನಿ. ಅಜ್ಜಿ, ನಿಮ್ಮ ಹನ್ನೊಂದು ಜನರೂ ಬರಬೇಕು.

ಬೆಳಗಿನ ಬ್ಯಾಚ್ ಅಜ್ಜಿ
ಬರ್ತೀವಿ. ಕುರ್ಚಿ ಹಾಕ್ಸಪ್ಪ, ನೆಲದ ಮೇಲೆ ಕೂತರೆ ಏಳೋಕಾಗಲ್ಲ.

ಮನೆ 212
ಎರಡು ಸೋಮವಾರದ ಫೋಟೋ, ಲೆಕ್ಕ ಪ್ರಿಂಟ್ ಹಾಕಿ ತರ್ತೀನಿ. ಬಕೆಟ್ ತರೋಕಾಗಲ್ಲ, ಪಂಪ್ ರೂಮಿನಲ್ಲೇ ಬೀಗದೊಳಗೆ ಸಿಕ್ಕಿಹಾಕ್ಕೊಂಡಿದೆ. ಕೆಂಪು ಬಣ್ಣದ್ದು. ಮನೆಯಲ್ಲಿ ದಿನಾ ಕೇಳ್ತಿದ್ದಾರೆ.