ನಟಿಯಾಗಿದ್ದವರು ನಿರ್ದೇಶನಕ್ಕೆ ಇಳಿದದ್ದು ಹೇಗೆ? ಬ್ರೆಜಿಲ್‌ನ ಕಾರ್ಲಾ ಕಮುರಾತಿ ಬಗ್ಗೆ ಗೊತ್ತಿದ್ದವರು ಹೇಳಿ

ಸಾಗರದವಳು:
ಹನ್ನೆರಡು ವರ್ಷದಿಂದ ನಾಟಕ ಮಾಡುತ್ತಿದ್ದೇನೆ. ಸಿನಿಮಾದಲ್ಲೂ ಮೂರ್ನಾಲ್ಕು ಸಣ್ಣ ಪಾತ್ರ ಆಗಿವೆ. ಈಗ ಒಂದು ಕಥೆ ಬರೆದಿದ್ದೇನೆ, ನಾನೇ ನಿರ್ದೇಶನ ಮಾಡಬೇಕು ಅಂತ ಆಸೆ. ಹೋದ ವಾರ ಒಬ್ಬ ನಿರ್ಮಾಪಕರ ಹತ್ತಿರ ಹೋಗಿದ್ದೆ. ಅವರು ಫೈಲ್ ತೆರೆಯಲೇ ಇಲ್ಲ, "ಪಾತ್ರ ಬೇಕಾದ್ರೆ ಕೇಳಮ್ಮ" ಅಂದರು. ವಾಪಸ್ ಬಸ್ಸಲ್ಲಿ ಆ ಫೈಲನ್ನು ತೊಡೆ ಮೇಲಿಟ್ಟುಕೊಂಡು ಆಯನೂರು ದಾಟುವ ತನಕ ಅಳು ತಡೆದುಕೊಂಡೆ. ಕಾರ್ಲಾ ಕಮುರಾತಿ ಕೂಡ ನಟಿಯಾಗಿದ್ದವರೇ ಅಂತ ಹೆಗ್ಗೋಡಿನಲ್ಲಿ ಯಾರೋ ಹೇಳಿದರು. ಅವರು ಹೇಗೆ ಮಾಡಿದರು?

ಶಿವಮೊಗ್ಗದಿಂದ:
ಅಕ್ಕ, ಅವರದು ಒಂದೇ ನೆಗೆತ ಅಲ್ಲ. 80ರ ದಶಕದಲ್ಲಿ ಹೆಸರು ಮಾಡಿದ ನಟಿ. ನಟಿಸುತ್ತಲೇ 1987ರಲ್ಲಿ ಒಂದು ಕಿರುಚಿತ್ರ ಮಾಡಿದರು, 1990ರಲ್ಲಿ ಇನ್ನೊಂದು. ಅದೇ ವರ್ಷ ಅಧ್ಯಕ್ಷ ಕೊಲ್ಲೋರ್ ಎಂಬ್ರಾಫಿಲ್ಮೆಯನ್ನು ಮುಚ್ಚಿಸಿದರು. ಸಿನಿಮಾಕ್ಕೆ ದುಡ್ಡು ಹಾಕುತ್ತಿದ್ದ, ಊರೂರಿಗೆ ಹಂಚುತ್ತಿದ್ದ ಸರ್ಕಾರಿ ಸಂಸ್ಥೆ ಅದು. ಅದು ಹೋದ ಮೇಲೆ ಅಲ್ಲಿ ಸಿನಿಮಾ ತಯಾರಾಗುವುದೇ ನಿಂತ ಹಾಗಾಯಿತು. ಅಂಥ ಹೊತ್ತಲ್ಲಿ ಈ ಹೆಂಗಸು ತಮ್ಮ ಮೊದಲ ದೊಡ್ಡ ಚಿತ್ರಕ್ಕೆ ಕೈ ಹಾಕಿದರು ನೋಡಿ! ‘ಕಾರ್ಲೋಟಾ ಜುವಾಕಿನಾ’, 1995. ನೆಪೋಲಿಯನ್‌ಗೆ ಹೆದರಿ ಪೋರ್ಚುಗಲ್‌ನ ಇಡೀ ರಾಜಮನೆತನ ಹಡಗು ಹತ್ತಿ, 1808ರಲ್ಲಿ ಬ್ರೆಜಿಲ್‌ಗೆ ಬಂದಿಳಿದ ಕಥೆ, ಅದನ್ನು ನಗಿಸುತ್ತಾ ಹೇಳುತ್ತಾರೆ. ದುಡ್ಡು ಕಡಿಮೆ, ವಿತರಣೆಯನ್ನೂ ತಾವೇ ಮಾಡಿದರು. ನೋಡಿದವರು 10 ಲಕ್ಷಕ್ಕೂ ಜಾಸ್ತಿ. ಬ್ರೆಜಿಲ್ ಸಿನಿಮಾ ಮತ್ತೆ ಚಿಗುರಿದ್ದನ್ನು ಅಲ್ಲಿಯವರು ‘ರೆಟೊಮಾಡಾ’ ಅನ್ನುತ್ತಾರೆ, ಅದರ ಲೆಕ್ಕ ಶುರುವಾಗುವುದೇ ಈ ಚಿತ್ರದಿಂದ.

ತೀರ್ಥಹಳ್ಳಿ ಕಡೆಯವಳು:
ಇನ್ನೊಂದು ವಿಷಯ ಸೇರಿಸುತ್ತೇನೆ, ನನಗೆ ಇದೇ ಮುಖ್ಯ ಅನ್ನಿಸುತ್ತದೆ. ಕಮುರಾತಿ ಲೇಖಕಿ ಪಗು ಪಾತ್ರ ಮಾಡಿದ ಚಿತ್ರ ಇದೆಯಲ್ಲ, ಅದನ್ನು ನಿರ್ದೇಶಿಸಿದವರು ನೋರ್ಮಾ ಬೆಂಗೆಲ್. ಅವರೂ ಮೊದಲು ನಟಿಯೇ! 1962ರಲ್ಲಿ ಫ್ರಾನ್ಸಿನ ಕಾನ್ ಚಿತ್ರೋತ್ಸವದಲ್ಲಿ ದೊಡ್ಡ ಪ್ರಶಸ್ತಿ ಗೆದ್ದ ಬ್ರೆಜಿಲ್ ಚಿತ್ರದಲ್ಲಿ ನಟಿಸಿದ್ದವರು. ತನ್ನಂಥವಳೇ ಒಬ್ಬಳು ಕ್ಯಾಮೆರಾ ಪಕ್ಕ ನಿಂತು "ಕಟ್" ಅನ್ನುವುದನ್ನು ಕಣ್ಣಾರೆ ನೋಡಿದರೆ ಬರುವ ಧೈರ್ಯವೇ ಬೇರೆ, ಅಲ್ವಾ? ನಮ್ಮಲ್ಲಿ ಅಂಥವರು ಕಡಿಮೆ. ಆದರೆ ಪೂರ್ತಿ ಇಲ್ಲ ಅಂತಲ್ಲ. ನಮ್ಮೂರಿನ ಎಂ.ಕೆ. ಇಂದಿರಾ ಅವರ ‘ಫಣಿಯಮ್ಮ’ವನ್ನು 1983ರಲ್ಲಿ ಸಿನಿಮಾ ಮಾಡಿದ ಪ್ರೇಮಾ ಕಾರಂತರೂ ರಂಗಭೂಮಿಯಿಂದಲೇ ಬಂದವರು. ಆ ನಿರ್ಮಾಪಕರ ಮಾತು ಬಿಡಿ, ಫೈಲ್ ಮಾತ್ರ ಬಿಡಬೇಡಿ.

ಸಾಗರದವಳು:
ಇಬ್ಬರಿಗೂ ತುಂಬಾ ಥ್ಯಾಂಕ್ಸ್. ಓದುತ್ತಾ ಕಣ್ಣು ತುಂಬಿತು. ಕಥೆಯಲ್ಲಿ ಒಂದು ಭಾಗ ಇದೆ, ಅಜ್ಜಿ ಮೊಮ್ಮಗಳು ಇಬ್ಬರೇ, ಅದನ್ನೇ ಹದಿನೈದು ನಿಮಿಷದ ಕಿರುಚಿತ್ರ ಮಾಡುತ್ತೇನೆ. ಅಡಿಕೆ ಕೊನೆ ಕೊಯ್ಲು ಶುರುವಾದರೆ ನಮ್ಮ ಅಂಗಳದಲ್ಲಿ ರಾತ್ರಿ ಹತ್ತರ ತನಕ ಅಡಿಕೆ ಸುಲಿಯುವವರು ಇರುತ್ತಾರೆ, ಜಾಸ್ತಿ ಹೆಂಗಸರೇ. ಮೊದಲು ಅಲ್ಲೇ ಒಂದು ಬಿಳಿ ಪಂಚೆ ಕಟ್ಟಿ ತೋರಿಸುತ್ತೇನೆ. ಮೆಟ್ಟುಗತ್ತಿ ಮೇಲೆ ಓಡುವ ಕೈ ನಿಲ್ಲಿಸಿ ನೋಡುತ್ತಾರಾ ನೋಡಬೇಕು. ಶಿವಮೊಗ್ಗದಲ್ಲಿ ಸೌಂಡ್ ರೆಕಾರ್ಡ್ ಮಾಡುವವರು ಯಾರಾದರೂ ಇದ್ದರೆ ಇಲ್ಲೇ ಹೇಳಿ.